ಒಬ್ಬರೇ ರೋಗಿ, ಒಂಬತ್ತು ಸಲ

ಕ್ಯಾಲಿಫೋರ್ನಿಯಾದ ಡ್ಯಾನ್‌ವಿಲ್‌ನಲ್ಲಿ ನಮ್ಮ ಕನ್ನಡದವರು ಯಾರದಾದರೂ ಮನೆಯಲ್ಲಿ ಒಬ್ಬೊಬ್ಬರು ಒಂದೊಂದು ಅಡುಗೆ ತರುವ ಪಾಟ್‌ಲಕ್ಕು ಇಟ್ಟುಕೊಂಡಾಗಲೆಲ್ಲ ಅವ್ವ ಈ ಕತೆ ಹೇಳುತ್ತಾಳೆ.

"ನಮ್ಮ ಅಪಾರ್ಟ್‌ಮೆಂಟಿನ್ಯಾಗ ಒಬ್ಬರು ಹಿರ್ಯಾರು ಅದಾರ. ಆಫ್ರಿಕಾದವರು. ಅವರ ದೇಶದಾಗ ಭಾರಿ ದೊಡ್ಡ ಹೀರೋ ಇದ್ದರಂತ. ಇಲ್ಲೆ ಬಂದು, ಪಾಪ, ಡಾಕ್ಟರ್ ಕಲಿಯೋ ಹುಡುಗರ ಮುಂದ ಪೇಷೆಂಟ್ ಆಗಿ ನಟಿಸೋ ಪರಿಸ್ಥಿತಿ ಬಂತು. ಕಡೀಕ ಮರವು ಬಂದು ಅದೂ ಹೋತು."

ಕೇಳಿದವರು ಛೇ ಅನ್ನುತ್ತಾರೆ. ಯಾರೋ ಒಬ್ಬರು ತಮ್ಮ ಮಾವನವರಿಗೂ ಹೀಗೇ ಶುರುವಾಗಿದ್ದು ಅನ್ನುತ್ತಾರೆ. ನಾನು ತಟ್ಟೆ ಹಿಡಿದುಕೊಂಡು ಸುಮ್ಮನೆ ನಿಂತಿರುತ್ತೇನೆ. ನನಗೆ ಸುಮ್ಮನೆ ನಿಲ್ಲುವ ಅಭ್ಯಾಸ ಇಲ್ಲ ಅಂತ ಅಲ್ಲಿರುವವರಿಗೆಲ್ಲ ಗೊತ್ತು. ಹುಬ್ಬಳ್ಳಿಯ ಕಾಲೇಜಿನಲ್ಲಿ ಮೂರು ವರ್ಷ ಚರ್ಚಾಸ್ಪರ್ಧೆಗೆ ನಿಂತವಳು ನಾನು. ಚೀಟಿ ಎತ್ತಿದರೆ ಪರವೋ ವಿರೋಧವೋ, ಯಾವುದು ಬಂದರೂ ಐದು ನಿಮಿಷ ಮಾತಾಡಿ ಶೀಲ್ಡು ತಂದವಳು. ಅವ್ವನ ಕತೆಯಲ್ಲಿ ಹೇಳಿಕೆ ಮೂರು, ಮೂರೂ ತಪ್ಪು. ಅವರು ಹೀರೋ ಆಗಿರಲಿಲ್ಲ. ಪೇಷೆಂಟ್ ಆಗಿ ನಟಿಸಿದ್ದಕ್ಕೆ ಯಾರೂ 'ಪಾಪ' ಅನ್ನಬೇಕಾಗಿಲ್ಲ, ಅವರೇ ಕೇಳಿ ಪಡೆದ ಕೆಲಸ ಅದು. ಇನ್ನು, ಅವರು ಏನನ್ನೂ ಮರೆತಿರಲಿಲ್ಲ.

ಮೊದಲ ಎರಡು ತಪ್ಪು ಎಲ್ಲಿ ಹುಟ್ಟಿದವೋ ಗೊತ್ತಿಲ್ಲ. ಮೂರನೆಯದು ಗೊತ್ತು. ಅದನ್ನು ಮೊದಲು ಬರೆದವಳು ನಾನೇ, ಒಂದು ಫಾರ್ಮಿನಲ್ಲಿ, ಒಂದೇ ಸಾಲಿನಲ್ಲಿ.

ನಾವಿರುವುದು ಮಾರ್ಗನ್ ಹಿಲ್‌ನಲ್ಲಿ. ಆ ಹಿರಿಯರು ಘಾನಾದವರು, ಎಪ್ಪತ್ತು ದಾಟಿದವರು, ಮಗಳ ಮನೆಯಲ್ಲಿರುತ್ತಾರೆ, ನಮ್ಮ ಕಟ್ಟಡದ ಎದುರಿನ ಕಟ್ಟಡದಲ್ಲಿ. ಸಂಜೆ ವಾಕಿಂಗ್‌ನಲ್ಲಿ ಅವ್ವನಿಗೆ ಮೊದಲು ಪರಿಚಯವಾದದ್ದು. ಅವ್ವನ ಇಂಗ್ಲಿಷು ಹತ್ತು ಮಾತಿನದು. ಅವರಿಗೆ ಕನ್ನಡ ಬಾರದು. ಆದರೂ ಇಬ್ಬರೂ ಈಜುಕೊಳದ ಸುತ್ತ ಅರ್ಧ ಗಂಟೆ ಮಾತಾಡಿಕೊಂಡು ಬರುತ್ತಿದ್ದರು. ಒಂದು ದಿನ ನನ್ನನ್ನು ತೋರಿಸಿ ಅವ್ವ "ಮೈ ಡಾಟರ್, ಡಾಕ್ಟರ್ ಆಫೀಸ್" ಅಂದಳು. ಅವರು ನನ್ನನ್ನು ಇಂಗ್ಲಿಷಿನಲ್ಲಿ ಕೇಳಿದರು, ಏನು ಕೆಲಸ ಮಗಳೇ?

"ರೋಗಿಗಳನ್ನ ನೋಡ್ತೀನಿ ಅಂಕಲ್. ಆದ್ರೆ ನಾನು ಡಾಕ್ಟರಲ್ಲ, ಅವರು ರೋಗಿಗಳೂ ಅಲ್ಲ."

ಹೇಳಿದೆ. ಸೌತ್ ಸ್ಯಾನ್ ಫ್ರಾನ್ಸಿಸ್ಕೋ ಕಡೆ ವೈದ್ಯಕೀಯ ವಿದ್ಯಾರ್ಥಿಗಳಿಗೆ ತರಬೇತಿ ಕೊಡುವ ಒಂದು ಕೇಂದ್ರ ಇದೆ. ಅಲ್ಲಿ ಸಣ್ಣ ಸಣ್ಣ ಕೋಣೆಗಳಲ್ಲಿ ನಟರು ರೋಗಿಗಳಾಗಿ ಕೂರುತ್ತಾರೆ. ವಿದ್ಯಾರ್ಥಿ ಒಳಗೆ ಹೋಗಿ ಏನಾಗಿದೆ ಅಂತ ವಿಚಾರಿಸಬೇಕು, ಅದೇ ಪರೀಕ್ಷೆ. ರೋಗಿಗೆ ಒಂದು ಹಾಳೆ ಕೊಟ್ಟಿರುತ್ತೇವೆ: ಯಾವ ಪ್ರಶ್ನೆಗೆ ಯಾವ ಉತ್ತರ, ಕೇಳದೆ ಹೇಳಬಾರದ ಸಂಗತಿ ಯಾವುದು. ನಟ ಎಲ್ಲ ವಿದ್ಯಾರ್ಥಿಗಳಿಗೂ ಅದನ್ನೇ ಹೇಳುತ್ತಿದ್ದಾನಾ ಅಂತ ಕ್ಯಾಮೆರಾದಲ್ಲಿ ನೋಡಿ ಗುರುತು ಹಾಕುವುದು ನನ್ನ ಕೆಲಸ. ಒಬ್ಬನಿಗೆ ಸುಲಭದ ರೋಗಿ, ಇನ್ನೊಬ್ಬನಿಗೆ ಕಷ್ಟದ ರೋಗಿ ಸಿಕ್ಕರೆ ಅದು ಪರೀಕ್ಷೆ ಆಗುವುದಿಲ್ಲ.

ಅವರು ಬಹಳ ಹೊತ್ತು ನಕ್ಕರು. "ನಾನು ಹನ್ನೆರಡು ಸಿನಿಮಾದಲ್ಲಿ ಸತ್ತಿದ್ದೀನಿ ಮಗಳೇ. ಕಾಯಿಲೆ ಬೀಳೋದೇನು ದೊಡ್ಡದು? ನನ್ನನ್ನ ಕರ್ಕೊಂಡು ಹೋಗು."

ಕರೆದುಕೊಂಡು ಹೋದೆ. ಎರಡು ತಿಂಗಳಲ್ಲಿ ಅವರು ಕೇಂದ್ರದ ಪಟ್ಟಿಯಲ್ಲಿದ್ದರು, ವಾರಕ್ಕೆ ಎರಡು ದಿನ. ಆ ಎರಡು ದಿನ ನನ್ನ ಕಾರಿನಲ್ಲೇ ಬರುತ್ತಿದ್ದರು. ಬೆಳಿಗ್ಗೆ ಫ್ರೀವೇಯಲ್ಲಿ ಸ್ಯಾನ್ ಹೊಸೆ ದಾಟುವುದೇ ಒಂದು ಗಂಟೆ. ಅವರ ಬದುಕು ನನಗೆ ಗೊತ್ತಾದದ್ದು ಆ ಗಂಟೆಗಳಲ್ಲಿ, ಬ್ರೇಕು ಒತ್ತುತ್ತಾ.

ಅವರು ಮೊದಲು ಸೇರಿದ್ದು ಊರೂರು ತಿರುಗುವ ಒಂದು ನಾಟಕದ ಕಂಪನಿ. ಹಾಡು, ಹಾಸ್ಯ, ಕೊನೆಯಲ್ಲಿ ಅಳು. ಬರೆದ ಮಾತು ಒಂದೂ ಇಲ್ಲ. ಇವತ್ತು ಕತೆ ಇದು, ನೀನು ಅಣ್ಣ, ನೀನು ವಿಧವೆ ಅಂತ ಯಜಮಾನ ಮಧ್ಯಾಹ್ನ ಹೇಳುತ್ತಿದ್ದ. ಹೆಂಗಸರ ಪಾತ್ರವನ್ನೂ ಗಂಡಸರೇ ಮಾಡುತ್ತಿದ್ದರಂತೆ. ಮೊದಲ ವರ್ಷ ಇವರೇ ವಿಧವೆ. ನಮ್ಮ ಕಡೆಯ ಕಂಪನಿ ನಾಟಕದಲ್ಲೂ ಹಿಂದೆ ಹಾಗೇ ಇತ್ತು ಅಂದೆ.

"ನಿಮ್ಮಲ್ಲಿ ಮಾತು ಬರೆದುಕೊಡ್ತಿದ್ರಾ?"

"ಬರೀತಿದ್ರು."

"ಹಾಗಾದ್ರೆ ಸುಲಭ," ಅಂದರು, ಸ್ವಲ್ಪ ತಾತ್ಸಾರದಲ್ಲೇ.

ಅವರಿಗೆ ಕಷ್ಟವಾಗುತ್ತಿದ್ದದ್ದು ಸೈಕಲ್ಲಿನವರಿಂದ. ಒಂದು ಊರಲ್ಲಿ ಆಟ ನೋಡಿದ ಕೆಲವು ಹುಚ್ಚರು ಸೈಕಲ್ ಹತ್ತಿ ಮುಂದಿನ ಊರಿಗೂ ಬರುತ್ತಿದ್ದರು. ನಿನ್ನೆ ಆಡಿದ ಮಾತನ್ನೇ ಇವತ್ತೂ ಆಡಿದರೆ ಹಿಂದಿನ ಸಾಲಿನಿಂದ ಕೂಗು ಬರುತ್ತಿತ್ತು: ನಿನ್ನೆಯ ಅನ್ನ ಬಿಸಿ ಮಾಡ್ಕೊಂಡು ತಂದಿದ್ದೀಯಾ? ಆ ಕೂಗು ಬಿದ್ದವನಿಗೆ ಅವತ್ತು ಯಜಮಾನ ಊಟಕ್ಕೆ ತನ್ನ ಪಕ್ಕ ಜಾಗ ಕೊಡುತ್ತಿರಲಿಲ್ಲ. ಎದುರಿಗೆ ಇರುವವನನ್ನು ನೋಡು, ಅವನ ಮುಖ ನೋಡಿ ಮಾತು ಹುಡುಕು. ಅವರು ಕಲಿತ ವಿದ್ಯೆ ಇಷ್ಟು.

ಆಮೇಲೆ ವಿಡಿಯೋ ಸಿನಿಮಾ ಬಂತು. ಬಾಡಿಗೆ ಮನೆ, ಒಂದು ಕ್ಯಾಮೆರಾ, ಜನರೇಟರು, ಹತ್ತು ದಿನದಲ್ಲಿ ಚಿತ್ರ ಮುಗಿಯಬೇಕು. ಅಲ್ಲೂ ಬರೆದ ಮಾತಿಲ್ಲ. ಇವರಿಗೆ ಸಿಕ್ಕಿದ್ದು ದುಷ್ಟ ಚಿಕ್ಕಪ್ಪನ ಪಾತ್ರ, ಸುಮಾರು ಮೂವತ್ತು ವರ್ಷ ಅದೇ. ಅಣ್ಣ ಸತ್ತ ಮೇಲೆ ಅಣ್ಣನ ಹೆಂಡತಿಯನ್ನು ಮನೆಯಿಂದ ಹೊರಗೆ ಹಾಕುವುದು, ಕೊನೆಗೆ ಹುಚ್ಚು ಹಿಡಿದೋ ಲಾರಿ ಬಡಿದೋ ಸಾಯುವುದು. ಪೋಸ್ಟರಿನಲ್ಲಿ ಇವರ ಮುಖ ಯಾವಾಗಲೂ ಮೂರನೆಯದು.

"ಮೂರನೆಯದು ಅಂದ್ರೆ?"

"ಹೀರೋ ಮುಖ ತಟ್ಟೆಯಷ್ಟು. ಹೀರೋಯಿನ್ ಮುಖ ತಟ್ಟೆಯಷ್ಟು. ನಂದು ಲೋಟದಷ್ಟು." ಸ್ಟಿಯರಿಂಗ್ ಪಕ್ಕ ಕೈಯಿಟ್ಟು ಅಳತೆ ತೋರಿಸಿದರು. "ಆದ್ರೆ ಕಣ್ಣು ಮಾತ್ರ ಕೆಂಪಗೆ."

ಪೋಸ್ಟರುಗಳನ್ನು ಹಿಟ್ಟಿನ ಚೀಲ ಬಿಚ್ಚಿ ಹೊಲಿದ ಬಟ್ಟೆಯ ಮೇಲೆ ಕೈಯಲ್ಲೇ ಬರೆಯುತ್ತಿದ್ದರಂತೆ. ಬರೆಯುವವನು ಎಷ್ಟೋ ಸಲ ಸಿನಿಮಾನೇ ನೋಡಿರುತ್ತಿರಲಿಲ್ಲ. ಒಬ್ಬ ಇವರ ಕೈಗೆ ಹಾವು ಕೊಟ್ಟು ಬರೆದ. ಸಿನಿಮಾದಲ್ಲಿ ಹಾವೇ ಇಲ್ಲ. ನೋಡಿದವರು ಟಿಕೆಟ್ ಮಾರುವವನನ್ನು ಹಿಡಿದುಕೊಂಡು ಹಾವು ಎಲ್ಲಿ ಅಂತ ಕೇಳಿದರು. ಎರಡನೇ ಭಾಗದಲ್ಲಿ ಹಾವು ಹಾಕಬೇಕಾಯಿತು. "ಆ ಹಾವಿಗೆ ನನಗಿಂತ ಜಾಸ್ತಿ ಮರ್ಯಾದೆ. ಅದಕ್ಕೆ ಫ್ಯಾನ್ ಹಾಕಿದ್ರು."

ಘಾನಾದ ಕುಮಾಸಿ ಊರಿನ ಮಾರುಕಟ್ಟೆಯಲ್ಲಿ ಒಬ್ಬಾಕೆ ಇವರಿಗೆ ಟೊಮೆಟೊ ಮಾರಲಿಲ್ಲ. ವಿಧವೆಯನ್ನು ಮನೆಯಿಂದ ಹೊರಗೆ ಹಾಕಿದವನಿಗೆ ನನ್ನ ಬುಟ್ಟಿಯಿಂದ ಒಂದು ಕಾಯಿಯೂ ಇಲ್ಲ ಅಂದಳು. ಇವರು ಕೈ ಮುಗಿದು, ತಾಯಿ, ಎರಡನೇ ಭಾಗದಲ್ಲಿ ನಾನು ಪಶ್ಚಾತ್ತಾಪ ಪಡ್ತೀನಿ, ಈಗ ಕೊಡಿ ಅಂದರು. ಕೊಟ್ಟಳು.

"ಪಶ್ಚಾತ್ತಾಪ ಪಟ್ರಾ?"

"ಆ ಸಿನಿಮಾಗೆ ಎರಡನೇ ಭಾಗ ಬರ್ಲೇ ಇಲ್ಲ."

ಇದನ್ನೆಲ್ಲ ನಾನು ಸುಮ್ಮನೆ ನಂಬಲಿಲ್ಲ. ಮನೆಗೆ ಬಂದು ಯೂಟ್ಯೂಬಿನಲ್ಲಿ ಹುಡುಕಿದೆ. ಏಳು ಸಿನಿಮಾ ಸಿಕ್ಕವು, ಏಳರಲ್ಲೂ ಇದ್ದರು. ಅವ್ವ ಒಂದಕ್ಷರ ತಿಳಿಯದೆ ಎರಡು ನೋಡಿ, "ಎಂಥಾ ಕೆಟ್ಟ ಮನಿಷ್ಯಾ ಇವರು," ಅಂದಳು. ಮರುದಿನ ಅವರಿಗೇ ಡಬ್ಬಿಯಲ್ಲಿ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿ ಕೊಟ್ಟಳು. ಶೇಂಗಾ ಅವರಿಗೆ ಬಹಳ ಹಿಡಿಸಿತು. ತಮ್ಮಲ್ಲಿ ಅದನ್ನು ಸಾರಿಗೇ ಹಾಕುತ್ತೇವೆ ಅಂದರು.

ಇನ್ನು ಆ ಬುಧವಾರದ ವಿಷಯ.

ಅವತ್ತು ಅಂಕಲ್ ಆಡಬೇಕಿದ್ದ ರೋಗಿ ನಿವೃತ್ತ ಬಸ್ ಮೆಕ್ಯಾನಿಕ್. ಎರಡು ವಾರದಿಂದ ತಲೆಭಾರ. ಬಿ.ಪಿ. ಮಾತ್ರೆ ಒಂದು ತಿಂಗಳಿಂದ ನಿಲ್ಲಿಸಿದ್ದಾನೆ, ತಿಂದರೆ ಸುಸ್ತು ಅಂತ. ಮಾತ್ರೆಯ ವಿಚಾರ ಕೇಳಿದರೆ ನಿಲ್ಲಿಸಿದ್ದೀನಿ ಅನ್ನಬೇಕು, ಕೇಳದಿದ್ದರೆ ಬಾಯಿ ಬಿಡಬಾರದು. ಹಾಳೆಯಲ್ಲಿ ಇದರ ಕೆಳಗೆ ಗೆರೆ ಎಳೆದಿತ್ತು. ಒಂಬತ್ತು ವಿದ್ಯಾರ್ಥಿಗಳು. ಅವತ್ತು ನಾನು ಇನ್ನೊಂದು ಕೋಣೆಯ ಕ್ಯಾಮೆರಾ ನೋಡುತ್ತಿದ್ದೆ.

ಎರಡು ದಿನದ ಮೇಲೆ ಒಬ್ಬ ವಿದ್ಯಾರ್ಥಿ ದೂರು ಕೊಟ್ಟ. ನಾನು ಮಾತ್ರೆ ಬಗ್ಗೆ ಕೇಳಿದೆ, ರೋಗಿ ತಗೋತಿದ್ದೀನಿ ಅಂದ, ಅದನ್ನು ನಂಬಿ ನಾನು ಫೇಲಾದೆ. ನನ್ನ ಗೆಳತಿ ಕೇಳಲೇ ಇಲ್ಲ, ಅವಳಿಗೆ ಆತನೇ ಹೇಳಿದನಂತೆ. ಇದು ನ್ಯಾಯವೇ?

ನ್ಯಾಯ ಅಲ್ಲ. ಅದರಲ್ಲಿ ವಾದಕ್ಕೇ ಜಾಗ ಇಲ್ಲ. ಆ ಹುಡುಗನಿಗೆ ಮತ್ತೆ ಪರೀಕ್ಷೆ ಕೊಟ್ಟರು, ಪಾಸಾದ. ಉಳಿದದ್ದು ಅಂಕಲ್ ವಿಚಾರ.

ನಮ್ಮ ಮೇಲಧಿಕಾರಿ ಒಳ್ಳೆಯ ಹೆಂಗಸು. ನನ್ನನ್ನು ಕರೆದು ಬಾಗಿಲು ಹಾಕಿದರು. "ಎರಡರಲ್ಲಿ ಒಂದು ಆಗಿರಬೇಕು. ಅವರಿಗೆ ಮರೆವು ಬಂದಿದ್ದರೆ ನಾನು ದಾರಿ ಮಾಡ್ತೀನಿ. ಹೊಟ್ಟೆ ಮುಟ್ಟಿ ಪರೀಕ್ಷೆ ಮಾಡೋದನ್ನ ಕಲಿಸೋಕೆ ಸುಮ್ಮನೆ ಮಲಗೋರು ಬೇಕು, ಮಾತಿಲ್ಲ. ಅಲ್ಲಿ ಹಾಕ್ತೀನಿ. ಬೇಕಂತಲೇ ಬದಲಾಯಿಸಿದ್ದರೆ ನನ್ನ ಕೈಯಲ್ಲಿ ಏನೂ ಇಲ್ಲ, ಪಟ್ಟಿಯಿಂದ ಹೆಸರು ತೆಗೀಬೇಕು. ನೀನು ಒಂಬತ್ತೂ ರೆಕಾರ್ಡಿಂಗು ನೋಡು. ಗುರುವಾರದೊಳಗೆ ಫಾರ್ಮಿನಲ್ಲಿ ಒಂದು ಸಾಲು ಬರಿ."

ಒಂಬತ್ತೂ ನೋಡಿದೆ, ಎರಡೆರಡು ಸಲ. ಮಾತ್ರೆಯ ಹೆಸರು ಒಂಬತ್ತು ಸಲವೂ ಸರಿ. ತಲೆಭಾರ ಶುರುವಾದ ದಿನ ಸರಿ. ಕೆಲಸ ಮಾಡಿದ ವರ್ಷ ಸರಿ. ಬದಲಾಗಿದ್ದು ಒಂದೇ ವಿಚಾರ. ದೂರು ಕೊಟ್ಟ ಹುಡುಗ ಒಂದು ಕೈ ಬಾಗಿಲ ಹಿಡಿಯ ಮೇಲಿಟ್ಟು, ಗೋಡೆಯ ಗಡಿಯಾರ ನೋಡುತ್ತಾ, "ಮಾತ್ರೆ ಎಲ್ಲ ತಗೋತಿದ್ದೀರಿ ಅಲ್ವಾ?" ಅಂದ. ರೋಗಿ ಅವನನ್ನು ಒಂದು ಕ್ಷಣ ನೋಡಿ, "ತಗೋತಿದ್ದೀನಿ ಡಾಕ್ಟರ್," ಅಂದ, ಶಾಲೆಯಲ್ಲಿ ಎದ್ದು ನಿಂತು ಹೇಳುವವನ ಹಾಗೆ. ಅವನ ಗೆಳತಿ ಸ್ಟೂಲು ಎಳೆದುಕೊಂಡು ಕೂತು ಬೆಳಿಗ್ಗೆ ಎದ್ದ ಮೇಲೆ ಏನೇನು ಮಾಡ್ತೀರಿ ಅಂತ ಕೇಳಿದಳು, ಕೇಳಿ ಕಾದಳು. ರೋಗಿ ಹಲ್ಲುಜ್ಜುವುದು ಹೇಳಿದ, ಕಾಫಿ ಹೇಳಿದ, ಕಿಟಕಿಯ ಹತ್ತಿರ ಮಾತ್ರೆ ಡಬ್ಬಿ ಇದೆ ಅಂದ. ನಿಲ್ಲಿಸಿದ. ಆಮೇಲೆ, ಅದನ್ನ ತೆಗೆಯೋದಿಲ್ಲ ಅಂದ.

ನಿಮ್ಮ ಅಪ್ಪನನ್ನು ಯಾರಾದರೂ ಬಾಗಿಲಲ್ಲಿ ನಿಂತು ಮಾತ್ರೆ ತಗೊಂಡ್ರಾ ಅಂತ ಕೇಳಿದರೆ ಏನು ಹೇಳುತ್ತಾರೆ? ಹೀಗೆ ವಾದಿಸಬಹುದಿತ್ತು. ಹಾಳೆಯೇ ಸುಳ್ಳು, ಇವರೇ ನಿಜ ಅನ್ನಬಹುದಿತ್ತು. ವಿರುದ್ಧವಾಗಿ, ಪರೀಕ್ಷೆಗೆ ಬೇಕಾದದ್ದು ನಿಜವಲ್ಲ, ಒಂದೇ ಅಳತೆಗೋಲು ಅಂತಲೂ ಅನ್ನಬಹುದಿತ್ತು. ಎರಡೂ ಕಡೆ ನಾನೇ ಗೆಲ್ಲುತ್ತಿದ್ದೆ. ಆದರೆ ಫಾರ್ಮಿನಲ್ಲಿ ಇದ್ದದ್ದು ಒಂದು ಸಾಲು.

ಮರುದಿನ ಕಾರಿನಲ್ಲಿ ಅವರಿಗೆ ಎಲ್ಲ ಹೇಳಿದೆ. ಹೇಳಬಾರದಿತ್ತು, ಹೇಳಿದೆ.

"ಹಾಳೆಯಲ್ಲಿ ಗೆರೆ ಎಳೆದಿತ್ತಲ್ಲ ಅಂಕಲ್. ಅದನ್ನೇ ಹೇಳಬೇಕು ಅಂತ ಎಷ್ಟು ಸಲ ಹೇಳಿಕೊಟ್ಟಿದ್ವಿ."

"ಹೇಳಿಕೊಟ್ಟಿದ್ರಿ."

"ಮತ್ತೆ?"

"ಎಂಟು ವಾರ ಹೇಳಿದ್ದನ್ನೇ ಹೇಳಿದೆ. ಬಾಯಿ ಸಪ್ಪೆಯಾಗಿಬಿಡ್ತು ಮಗಳೇ. ಆ ಹುಡುಗ ಗಡಿಯಾರ ನೋಡ್ತಾ ನಿಂತಿದ್ದ. ಅವನಿಗೆ ನಾನು ಹೇಗೆ ನಿಜ ಹೇಳ್ಲಿ?"

"ನಿಮಗೆ ಮರೆತುಹೋಯ್ತು ಅಂತ ಬರೀಲಾ? ಬರೆದ್ರೆ ಕೆಲಸ ಉಳಿಯತ್ತೆ."

ಬೆಳ್ಳುಳ್ಳಿಗೆ ಹೆಸರಾದ ಗಿಲ್ರಾಯ್ ಕಡೆಯಿಂದ ಗಾಳಿ ಬೀಸಿದ ದಿನ ಅದು, ಕಾರಿನೊಳಗೆಲ್ಲ ಬೆಳ್ಳುಳ್ಳಿ ವಾಸನೆ. ಅವರು ಕಿಟಕಿ ಏರಿಸಿದರು.

"ಬದಲಾಯಿಸಿದೆ ಅಂತ ಬರಿ," ಅಂದರು, ಸ್ಯಾನ್ ಹೊಸೆ ದಾಟಿದ ಮೇಲೆ. "ಕಂಪನಿಯಲ್ಲೇ ಆಗಲಿ ಸಿನಿಮಾದಲ್ಲೇ ಆಗಲಿ, ನನ್ನ ಬಗ್ಗೆ ಯಾರೂ ಆ ಇನ್ನೊಂದು ಮಾತು ಹೇಳಿಲ್ಲ."

"ಕೆಲಸ ಹೋಗತ್ತೆ ಅಂಕಲ್. ನಿಜವಾಗ್ಲೂ ಹೋಗತ್ತೆ."

"ಗೊತ್ತಾಯ್ತು."

ಅಲ್ಲಿಗೆ ಮುಗಿಯಬೇಕಿತ್ತು. ಅವರು ಸ್ಪಷ್ಟವಾಗಿಯೇ ಹೇಳಿದ್ದರು. ಆದರೆ ನನ್ನ ತಲೆಯಲ್ಲಿ ಓಡುತ್ತಿದ್ದದ್ದು ಬೇರೆ. ಆ ಎರಡು ದಿನ ಬಿಟ್ಟರೆ ವಾರದ ಉಳಿದ ದಿನಗಳಲ್ಲಿ ಅವರು ಏನು ಮಾಡುತ್ತಾರೆ ಅಂತ ನನಗೆ ಗೊತ್ತಿತ್ತು. ಮೊಮ್ಮಗುವನ್ನು ಡೇಕೇರಿಗೆ ಬಿಡುವುದು, ಕರೆತರುವುದು, ಈಜುಕೊಳದ ಸುತ್ತ ನಡೆಯುವುದು. ಕೇಂದ್ರದಲ್ಲಿ ಕೋಣೆಗೆ ಹೋಗುವ ಮುಂಚೆ ಒಬ್ಬಳು ಬಾಗಿಲು ತಟ್ಟಿ "ರೆಡೀನಾ?" ಅಂತ ಕೇಳುತ್ತಾಳೆ. ಆಗ ಅವರು ಭುಜ ಒಂದು ಸಲ ಕುಣಿಸಿ, ಕತ್ತು ತಿರುಗಿಸಿ, ರೆಡಿ ಅನ್ನುತ್ತಿದ್ದರು. ಅದನ್ನು ನೋಡಿದವಳು ನಾನು. ಮರ್ಯಾದೆಗಿಂತ ಕೆಲಸ ದೊಡ್ಡದು ಅಂತ ನಾನೇ ಅವರ ಪರವಾಗಿ ತೀರ್ಮಾನ ಮಾಡಿದೆ. ಗುರುವಾರ ಬರೆದೆ: ರೆಕಾರ್ಡಿಂಗುಗಳನ್ನು ನೋಡಿದರೆ ನಟರಿಗೆ ಕೆಲವು ಸಂಗತಿಗಳು ಮರೆತಂತೆ ಕಾಣುತ್ತದೆ.

ಕೆಲಸ ಉಳಿಯಿತು. ಅಂಗಿ ಎತ್ತಿಕೊಂಡು ಮಂಚದ ಮೇಲೆ ಮಲಗುವ ಕೆಲಸ. ವಿದ್ಯಾರ್ಥಿಗಳು ಸಾಲಾಗಿ ಬಂದು ಹೊಟ್ಟೆ ಒತ್ತಿ, ತಟ್ಟಿ ನೋಡಿ ಹೋಗುತ್ತಿದ್ದರು. ಅವರು ಮಾಡಿನತ್ತ ನೋಡುತ್ತಿದ್ದರು. ಫಾರ್ಮಿನಲ್ಲಿ ಏನು ಬರೆದೆ ಅಂತ ಕೇಳಲಿಲ್ಲ, ನಾನೂ ಹೇಳಲಿಲ್ಲ. ಕಾರಿನಲ್ಲಿ ಘಾನಾದ ಕತೆಗಳು ನಿಂತುಹೋದವು. ಹವೆಯ ಬಗ್ಗೆ, ಟ್ರಾಫಿಕ್ಕಿನ ಬಗ್ಗೆ ಮಾತಾಡುತ್ತಿದ್ದೆವು.

ಬರೆದ ಸಾಲು ಫಾರ್ಮಿನಲ್ಲೇ ಉಳಿಯಲಿಲ್ಲ. ಬಾಗಿಲು ತಟ್ಟುವವಳು ಈಗ ಅವರ ಹತ್ತಿರ ಬಗ್ಗಿ, ಜೋರಾಗಿ, ಬಿಡಿಸಿ ಬಿಡಿಸಿ ಮಾತಾಡತೊಡಗಿದಳು. ಒಬ್ಬ ವಿದ್ಯಾರ್ಥಿ ಅವರನ್ನು ಇವತ್ತು ಯಾವ ವಾರ ಅಂತ ಕೇಳಿದ, ಮರೆವಿನ ಪರೀಕ್ಷೆಯ ಅಭ್ಯಾಸಕ್ಕೆ ಅಂತ. ಒಳ್ಳೆಯ ಮನಸ್ಸಿನ ಮೇಲಧಿಕಾರಿ ಅವರ ಮಗಳಿಗೆ ಫೋನ್ ಮಾಡಿ, ಒಮ್ಮೆ ತೋರಿಸುವುದು ಒಳ್ಳೆಯದು ಅಂದರು. ಮಗಳು ಹೆದರಿದಳು. ಯಾರು ಹೆದರುವುದಿಲ್ಲ? ಕ್ಲಿನಿಕ್ಕಿಗೆ ಕರೆದುಕೊಂಡು ಹೋದಳು. ಅಲ್ಲಿ ಏನೂ ಕಾಣಲಿಲ್ಲ. ಈಗಲೇ ಕಾಣದಿರಬಹುದು, ಆರು ತಿಂಗಳು ಬಿಟ್ಟು ಬನ್ನಿ ಅಂದರು. ಆರು ತಿಂಗಳು ಸುಮ್ಮನಿರುವುದು ಹೇಗೆ ಅಂತ ಮಗಳು ಡೇಕೇರಿಗೆ ಬೇರೆ ವ್ಯವಸ್ಥೆ ಮಾಡಿದಳು. ಮಗುವನ್ನು ಕರೆತರುವಾಗ ಅಪ್ಪ ದಾರಿ ತಪ್ಪಿದರೆ?

ಅವ್ವ ಇಂಡಿಯನ್ ಗ್ರೋಸರಿಯಿಂದ ಬ್ರಾಹ್ಮಿ ಪುಡಿ ತಂದು ಜೇನಿನಲ್ಲಿ ಕಲಸಿ ಬಾಟಲಿಗೆ ತುಂಬಿದಳು.

"ಅವರಿಗೆ ಏನೂ ಆಗಿಲ್ಲ ಅವ್ವಾ."

"ನಿನಗೇನ್ ಗೊತ್ತು? ನಿನ್ನೆ ನನ್ನ ಎರಡು ಸಲ ಕೇಳಿದರು, ಊಟ ಆತಾ ಅಂತ."

"ನೀನೂ ದಿನಾ ನಾಲ್ಕು ಸಲ ಕೇಳ್ತೀಯ."

"ನಂದು ಬ್ಯಾರೆ. ನಂದು ಕಾಳಜಿ."

ಮುಂದಿನ ತಿಂಗಳು ಅವರು ಕೇಂದ್ರಕ್ಕೆ ಬರುವುದನ್ನು ನಿಲ್ಲಿಸಿದರು. ಬೆಳಿಗ್ಗೆ ಕಾರಿನ ಹತ್ತಿರ ಬಂದು, "ನೀನು ಹೋಗಿ ಬಾ," ಅಂದರು ಅಷ್ಟೆ. ಹೀಗಾಗಿ ನಾನು ಉಳಿಸಲು ಹೊರಟ ಕೆಲಸವೂ ಹೋಯಿತು, ಅವರು ಉಳಿಸಿಕೊಳ್ಳಲು ನೋಡಿದ ಮರ್ಯಾದೆಯೂ ಹೋಯಿತು. ಬೇರೆಯವರು ಹೀಗೆ ಮಾಡಿದ್ದರೆ ಅವರನ್ನು ನಾನು ವಾದದಲ್ಲಿ ಎರಡೇ ನಿಮಿಷಕ್ಕೆ ಕಟ್ಟಿಹಾಕುತ್ತಿದ್ದೆ.

ಹೋದ ಭಾನುವಾರ ಬೆಳಿಗ್ಗೆ ಈಜುಕೊಳದ ಪಕ್ಕದ ಬೆಂಚಿನಲ್ಲಿ ಒಬ್ಬರೇ ಕೂತಿದ್ದರು. ಬಿಸಿಲು ಇನ್ನೂ ಏರಿರಲಿಲ್ಲ. ನಾನು ಹೋಗಿ ಪಕ್ಕದಲ್ಲಿ ಕೂತೆ. ಏನು ಹೇಳಬೇಕು ಅಂತ ಮನೆಯಲ್ಲೇ ಸಿದ್ಧ ಮಾಡಿಕೊಂಡಿದ್ದೆ. ಬಾಯಿಂದ ಬಂದದ್ದು ಒಂದೇ ಮಾತು.

"ನೀವು ಬೇಡ ಅಂದದ್ದನ್ನೇ ಬರೆದೆ ಅಂಕಲ್."

"ಗೊತ್ತು. ಮೊದಲ ದಿನ ಮಲಗಿಸಿದಾಗಲೇ ಗೊತ್ತಾಯ್ತು."

"ನಾಳೆ ತಿದ್ದಿ ಬರೀತೀನಿ. ನಿಮ್ಮ ಮಗಳಿಗೂ ನಾನೇ ಹೇಳ್ತೀನಿ. ಅವರು ಏನನ್ನೂ ಮರೆತಿಲ್ಲ, ನಾನು ಸುಳ್ಳು ಬರೆದೆ ಅಂತ."

ಅವರು ತಲೆಯಾಡಿಸಿದರು. ಬರಿ ಅಂತಲೋ ಬೇಡ ಅಂತಲೋ, ತಿಳಿಯಲಿಲ್ಲ. ನನಗೆ ಬೈಗುಳ ಬೇಕಿತ್ತು. ಬೈದಿದ್ದರೆ ಉತ್ತರ ಕೊಡಬಹುದಿತ್ತು. ಅವರು ಕಾಲು ನೀಡಿ ಚಪ್ಪಲಿ ಸರಿ ಮಾಡಿಕೊಂಡರು. ಮೂವತ್ತು ವರ್ಷದಲ್ಲಿ ತಮ್ಮ ಸಿನಿಮಾಗಳನ್ನು ತಾವು ನೋಡಿದ್ದು ಕಡಿಮೆ ಅಂದರು. ಶೂಟಿಂಗ್ ಮುಗಿದ ಮರುದಿನವೇ ಇನ್ನೊಂದಕ್ಕೆ ಓಡಬೇಕಿತ್ತು. ನೋಡಿದವರನ್ನು ಹಿಡಿದು ಕೇಳುತ್ತಿದ್ದರಂತೆ. ಕೇಂದ್ರದಲ್ಲೂ ರೆಕಾರ್ಡಿಂಗನ್ನು ನಟರಿಗೆ ತೋರಿಸುವ ಪದ್ಧತಿ ಇಲ್ಲ. ನನ್ನ ಕಡೆ ತಿರುಗಿ ಕೂತರು.

"ಒಂಬತ್ತೂ ನೋಡಿದವಳು ನೀನೊಬ್ಬಳೇ ಮಗಳೇ. ಹೇಳು, ಒಂಬತ್ತರಲ್ಲಿ ಯಾವುದು ಚೆನ್ನಾಗಿ ಬಂದಿತ್ತು?"